ಎರೆದವಳ ಕೈಯಲ್ಲಿ

ಪುಣೆಯ ಯೆರವಡಾದ ಓಣಿಗಳಲ್ಲಿ ಮೊದಲು ಒಂದು ಮಾತಿತ್ತು: ಶಿವಬಸವ್ವನ ಕೈಯಲ್ಲಿ ಕೂಸು ಅಳುವುದಿಲ್ಲ. ಬೇರೆಯವರು ನೀರೆರೆದರೆ ಕೂಸಿನ ಕೂಗಿಗೆ ಇಡೀ ಓಣಿ ಎದ್ದು ಕೂಡುತ್ತಿತ್ತು. ಇವಳು ಎರೆದು, ಧೂಪ ಹಾಕಿ, ಬಿಗಿಯಾಗಿ ಬಟ್ಟೆ ಸುತ್ತಿ ಮಲಗಿಸಿ ಹೋದರೂ ಗೋಡೆಯಾಚೆಯ ಮನೆಯವರಿಗೆ ಗೊತ್ತಾಗುತ್ತಿರಲಿಲ್ಲ. ಮಣೆಯ ಮೇಲೆ ಕಾಲು ಚಾಚಿ ಕೂತು, ಮೊಳಕಾಲ ಕೆಳಗೆ ಕೂಸನ್ನು ಬೋರಲು ಹಾಕಿಕೊಂಡು ಅವಳು ಬಿಸಿನೀರು ಸುರಿದರೆ, ಆ ಕೂಸು ಸಂಸ್ಥಾನದ ದೊರೆಯ ಹಾಗೆ ಕಣ್ಣು ಅರೆಮುಚ್ಚಿ ಮಲಗಿರುತ್ತಿತ್ತು. ಶಿವಬಸವ್ವನಿಗೆ ಅದರ ಗರ್ವವೂ ಇತ್ತು. ಇಲ್ಲವೆಂದರೆ ಸುಳ್ಳಾಗುತ್ತದೆ.

ಈಗ ಅದೇ ಶಿವಬಸವ್ವನ ಕೈಯಲ್ಲಿ ಕೂಸು ಅತ್ತೇ ಅಳುತ್ತದೆ. ಅಳುವ ತನಕ ಅವಳು ಅದನ್ನು ಕಾಲ ಮೇಲಿಂದ ಎತ್ತುವುದಿಲ್ಲ. ವಯಸ್ಸಾಯಿತು, ಕೈ ಒರಟಾಯಿತು ಎಂದು ಜನ ಆಡಿಕೊಳ್ಳುತ್ತಾರೆ. ಎಲುಬಿಲ್ಲದ ನಾಲಿಗೆ, ಏನು ಬೇಕಾದರೂ ಅನ್ನಲಿ. ನಡೆದದ್ದು ಬೇರೆ.

ಅವಳು ಸುರಪುರ ಕಡೆಯವಳು. ಮದುವೆಯಾದ ಹೊಸತರಲ್ಲೇ ಗಂಡ ಜಟ್ಟೆಪ್ಪ ಮತ್ತು ಅತ್ತೆ ಮರೆಮ್ಮನ ಜೊತೆ ಪುಣೆಗೆ ಕಟ್ಟಡದ ಕೆಲಸಕ್ಕೆ ಬಂದಳು. ಸ್ವಾರಗೇಟಿನಲ್ಲಿ ಬಸ್ಸಿಳಿದಾಗ ಹೊಟ್ಟೆಯಲ್ಲಿ ಚೊಚ್ಚಿಲು ಕೂಸಿತ್ತು. ಏಳುತ್ತಿದ್ದ ಕಟ್ಟಡದ ಪಕ್ಕದ ತಗಡಿನ ಶೆಡ್ಡಿನಲ್ಲಿ ಹೆರಿಗೆಯಾಯಿತು. ಗಂಡು ಕೂಸು.

ಹುಟ್ಟಿದ ಐದನೆಯ ದಿನ ಸಟವಿ ಬಂದು ಹಣೆಬರಹ ಬರೆಯುತ್ತಾಳೆ ಎಂಬುದು ಅವರ ಕಡೆಯ ನಂಬಿಕೆ. ಪುಣೆಯವರಿಗೂ ಅವಳು ಗೊತ್ತು, ಸಟವಾಯಿ ಅನ್ನುತ್ತಾರೆ. ಗುಂಡುಕಲ್ಲಿಗೆ ಅರಿಶಿನ ಕುಂಕುಮ ಹಚ್ಚಿ, ಅದರ ಮುಂದೆ ಒಂದು ಖಾಲಿ ಕಾಗದ, ಒಂದು ಪೆನ್ನು ಇಡಬೇಕು. ಬೆಳಿಗ್ಗೆ ಆ ಕಾಗದವನ್ನು ಮಡಿಸಿ ಕೂಸಿನ ತಲೆದಿಂಬಿನ ಕೆಳಗೆ ಸೇರಿಸಿ, ತೊಟ್ಟಿಲಿಗೆ ಹಾಕಿದ ಮೇಲೆ ಹರಿಯುವ ನೀರಿಗೆ ಬಿಡಬೇಕು. ನಡುವೆ ಯಾರೂ ಬಿಚ್ಚಿ ನೋಡಬಾರದು, ಏಕೆಂದರೆ ಸಟವಿಯ ಅಕ್ಷರ ಮನುಷ್ಯರ ಕಣ್ಣಿಗಲ್ಲ. ಆದರೆ ತಗಡಿನ ಶೆಡ್ಡಿನಲ್ಲಿ ಕಾಗದ ಎಲ್ಲಿಂದ ಬರಬೇಕು? ಜಟ್ಟೆಪ್ಪ ಹೋಗಿ ಸಿಮೆಂಟ್ ಚೀಲದ ತುಂಡೊಂದನ್ನು ಹರಿದು ತಂದ. ಅದರ ಮೇಲೆ ಏನೇನೋ ಅಚ್ಚಾಗಿತ್ತು. ಆಗಲಿ ಬಿಡು, ಸಟವಿಗೆ ಅಷ್ಟು ಜಾಗ ಸಾಕು ಎಂದುಕೊಂಡು ಅದನ್ನೇ ಇಟ್ಟರು. ತೊಟ್ಟಿಲಿಗೆ ಹಾಕುವ ಮೊದಲೇ ಜ್ವರ ಬಂದು ಕೂಸು ತೀರಿಕೊಂಡಿತು.

"ಮೊದಲ ಬರದಿದ್ದ ಕಾಗದದ ಮ್ಯಾಲ ಆಕಿ ಏನ ಬರದಾಳ?" ಅಂದಳು ಮರೆಮ್ಮ, ಮಣ್ಣು ಮಾಡಿ ಬಂದ ಮೇಲೆ. "ಬರದದ್ದ ಖರೆ ಆತು."

ಆ ಸಿಮೆಂಟ್ ಚೀಲದ ಮೇಲೆ ಏನು ಬರೆದಿತ್ತೆಂದು ಓದಲು ಬಾರದ ಶಿವಬಸವ್ವನಿಗೆ ಇವತ್ತಿಗೂ ಗೊತ್ತಿಲ್ಲ. ಕಂಪನಿಯ ಹೆಸರೋ, ತೂಕವೋ ಇದ್ದೀತು. ಅವಳ ಪಾಲಿಗೆ ಅದು ಮಗನ ಸಾವಿನ ಬರಹ. ಮುಂದೆ ಮಗಳು ಅಂಬಾ ಹುಟ್ಟಿದಾಗ ಅಂಗಡಿಯಿಂದ ಹೊಸ ಕಾಗದ ತರಿಸಿ, ಬೆಳಕಿಗೆ ಹಿಡಿದು ಹಿಂದೆಮುಂದೆ ನೋಡಿ ಇಟ್ಟಳು. ಬಾಣಂತಿಗೆ ಎಣ್ಣೆ ಹಚ್ಚುವ, ಕೂಸಿಗೆ ಎರೆಯುವ ಕೆಲಸವನ್ನು ಮರೆಮ್ಮನಿಂದ ಕಲಿತಳು. ಗಂಡ, ಅತ್ತೆ ಇಬ್ಬರೂ ಹೋದ ಮೇಲೆ ಅದೇ ಅವಳ ಅನ್ನವಾಯಿತು. ಎಷ್ಟೋ ಮನೆಗಳಲ್ಲಿ ಐದನೆಯ ದಿನದ ಪೂಜೆಯನ್ನೂ ಅವಳೇ ಮಾಡಿಸುತ್ತಿದ್ದಳು. ಕಾಗದದ ವಿಷಯದಲ್ಲಿ ಮಾತ್ರ ಯಾರ ಮಾತನ್ನೂ ಕೇಳುತ್ತಿರಲಿಲ್ಲ.

ಇಷ್ಟು ಜೋಪಾನದ ಹೆಂಗಸು ಎಡವಿದ್ದು ಕಾಗದದಲ್ಲೇ. ಅದೂ ಕಾಗದವೇ ತುಂಬಿದ್ದ ಮನೆಯಲ್ಲಿ.

ಆ ಮನೆ ವಿಶ್ರಾಂತವಾಡಿಯ ಪ್ರಲ್ಹಾದರಾಯರದು. ರಾಯರು ವಿಜಯಪುರದ ಕಡೆಯವರು, ಪುಣೆಯ ಕಾಲೇಜೊಂದರಲ್ಲಿ ಕಲಿಸಿ ನಿವೃತ್ತರಾದವರು. ಹೆಂಡತಿ ಇಲ್ಲ. ಸೊಸೆ ನೀತಾ ಹೆಣ್ಣು ಹೆತ್ತಿದ್ದಳು. ಅವಳ ತಾಯಿ ಕಾಲು ಮುರಿದುಕೊಂಡು ಬಿದ್ದಿದ್ದರಿಂದ ಬಾಣಂತನವೆಲ್ಲ ಶಿವಬಸವ್ವನ ಮೇಲೆಯೇ ಬಂತು. ರಾಯರು ವರ್ಷಗಟ್ಟಲೆಯಿಂದ ಒಂದು ದೊಡ್ಡ ಪುಸ್ತಕ ಬರೆಯುತ್ತಿದ್ದರು. 'ಸಟವಿಯ ಗಡಿಯಾರ' ಎಂದು ಹೆಸರು, ಅದರ ಕೆಳಗೆ 'ಪುರಾಣ, ಕಾಲ ಮತ್ತು ವಾಸ್ತವ' ಎಂಬ ಬಾಲ. ಐದನೆಯ ದಿನದ ಪೂಜೆ ಮಾಡಬೇಕೆಂದು ಶಿವಬಸವ್ವ ಅಂದಾಗ, ಇಲಿ ಕಂಡ ಬೆಕ್ಕಿನಂತೆ ಅವರ ಕಣ್ಣು ಅರಳಿತು.

"ಮಾಡು, ಮಾಡು. ನಾನೂ ನೋಡ್ತೀನಿ," ಎಂದು ಪಕ್ಕದಲ್ಲೇ ಕುರ್ಚಿ ಹಾಕಿಕೊಂಡು ಕೂತರು. ತಮ್ಮ ಪುಸ್ತಕದ ಸಾರವನ್ನೂ ಅವಳಿಗೆ ಹೇಳಿದರು. "ಪುರಾಣ ಅಂದ್ರ ಹಿಂದ ಎಂದೋ ಆಗಿ ಹೋದದ್ದಲ್ಲ, ಶಿವಬಸವ್ವಾ. ಹೇಳಾವ್ರು ಹೇಳಿ, ಕೇಳಾವ್ರು ನಂಬಿದ್ರ, ಆಗ ಅದು ಮತ್ತ ಆಗತದ. ಸಟವಿ ಗಡಿಯಾರಕ್ಕ ನಿನ್ನಿ ಇಲ್ಲ, ನಾಳೆ ಇಲ್ಲ. ಬರೇ ಇವತ್ತ."

ಶಿವಬಸವ್ವನಿಗೆ ಆ ಮಾತು ಬಹಳ ಹಿಡಿಸಿತು. ಓದಿದವರು ಸಟವಿಯನ್ನು ನಗೆಯಾಡುವುದನ್ನೇ ಅವಳು ಕಂಡಿದ್ದಳು. ಇವರು ನಗಲಿಲ್ಲ. ಹೀಗಿರುವ ಮನುಷ್ಯನ ಮೇಜಿನ ಮೇಲೆ ಹಾಲಿನಷ್ಟು ಬಿಳಿಯ ಕಾಗದದ ಅಟ್ಟಿ ಇತ್ತು. "ತಗೋ, ಎಷ್ಟ ಬೇಕಾದ್ರ ತಗೋ," ಅಂದರು ರಾಯರು. ಅವಳು ಮೇಲಿನ ಎರಡು ಹಾಳೆ ಎತ್ತಿಕೊಂಡಳು. ಒಂದನ್ನು ಗುಂಡುಕಲ್ಲಿನ ಮುಂದಿಟ್ಟಳು. ಇನ್ನೊಂದನ್ನು ಮಡಿಸಿ ಸೊಂಟದ ಚೀಲಕ್ಕೆ ಸೇರಿಸಿದಳು, ಏಕೆಂದರೆ ಎರಡು ದಿನದ ಹಿಂದೆ ಅಂಬಾ ಕೂಡ ಗಂಡು ಹೆತ್ತಿದ್ದಳು. ಪಂಡಿತರ ಮನೆಯ ಕಾಗದದ ಮೇಲೆ ಸಟವಿ ಬರೆದರೆ ಮೊಮ್ಮಗನ ಹಣೆಯಲ್ಲಿ ವಿದ್ಯೆ ಬರೆದಾಳು ಎಂಬ ಆಸೆ. ಆಸೆಗೆ ಕಣ್ಣಿಲ್ಲ. ಆ ದಿನ ಅವಳು ಹಾಳೆಯನ್ನು ತಿರುಗಿಸಿ ನೋಡಲಿಲ್ಲ.

ರಾಯರು ತಮ್ಮ ಪುಸ್ತಕವನ್ನು ಪ್ರಿಂಟ್ ತೆಗೆದು ತಿದ್ದುತ್ತಿದ್ದರು. ತಿದ್ದಿ ಮುಗಿದ ಹಾಳೆಗಳನ್ನು ಬೋರಲು ಹಾಕಿ, ಹಿಂಬದಿ ಬರೆಯಲು ಇಟ್ಟುಕೊಳ್ಳುತ್ತಿದ್ದರು. ಮಿತವ್ಯಯ.

ಅಂಬಾಳ ಮನೆಯಲ್ಲಿ ಪೂಜೆಯಾಗಿ, ಕಾಗದ ದಿಂಬಿನ ಕೆಳಗೆ ಸೇರಿತು. ಅಲ್ಲಿಂದ ನಾಲ್ಕಾರು ದಿನ ಎಲ್ಲ ಸುಖವಾಗಿತ್ತು. ಒಂದು ಸಂಜೆ ಕೂಸು ಹಾಸಿಗೆ ಒದ್ದೆ ಮಾಡಿತು. ಅಳಿಯ ಮಾಂತು ಕಟ್ಟಡಗಳಿಗೆ ಬಣ್ಣ ಹೊಡೆಯುವವನು, ಒಳ್ಳೆಯ ಹುಡುಗ, ಹೆಂಡತಿ ಬಚ್ಚಲಿಂದ ಬರುವುದರೊಳಗೆ ತಾನೇ ಹಾಸಿಗೆ ಬದಲಿಸಹೋದ. ದಿಂಬಿನ ಕೆಳಗೆ ಹಸಿಯಾದ ಕಾಗದ ಕಂಡಿತು. ಒಣಗಲಿ ಎಂದು ಬಿಚ್ಚಿ ಹರವಿದ.

"ಅತ್ತೀ, ಸಟವಿ ಭಾಳ ಬರದಾಳಲ್ಲ! ಪ್ರಿಂಟ್ ಮಾಡಿಸ್ಯಾಳ ನೋಡ್ರಿ!" ಎಂದು ನಕ್ಕ.

ಒಲೆಯ ಮುಂದೆ ಕೂತಿದ್ದ ಶಿವಬಸವ್ವ ಕೈಯಲ್ಲಿದ್ದುದನ್ನು ಅಲ್ಲೇ ಬಿಟ್ಟಳು. ಅವಳು ಎದ್ದು ಬರುವುದರೊಳಗೆ ಮಾಂತು ಗಟ್ಟಿಯಾಗಿ ಓದತೊಡಗಿದ್ದ. ಊರ ಶಾಲೆಯಲ್ಲಿ ಕನ್ನಡ ಕಲಿತವನು, ಪುಣೆಗೆ ಬಂದ ಮೇಲೆ ಅವನ ಕಣ್ಣಿಗೆ ಕನ್ನಡದ ಅಕ್ಷರ ಬಿದ್ದದ್ದೇ ಅಪರೂಪ. ಆ ಖುಷಿ ಅವನದು.

"'ಭೀಮಾ ತೀರದ ಈ ಕಥೆಯಲ್ಲಿ, ಸಟವಿ ಬರೆದದ್ದನ್ನು ಮನೆಯವರು ಕದ್ದು ಓದಿಸುತ್ತಾರೆ. ಓದಿಸಿದ ಮೇಲೆ ತಪ್ಪಿಸಿಕೊಳ್ಳುವ ದಾರಿ ಮುಚ್ಚಿಹೋಗುತ್ತದೆ. ತೊಟ್ಟಿಲಿಗೆ ಹಾಕುವ ದಿನ, ಎಣ್ಣೆ ಹಚ್ಚಿ ನೀರು ಎರೆಯುವಾಗ, ಎರೆದವಳ ಕೈಯಲ್ಲೇ ಆ ಕೂಸು...'"

ಅಲ್ಲಿಗೆ ಹಾಳೆ ಮುಗಿದಿತ್ತು.

"ಆ ಕೂಸು ಏನಾತು?" ಅಂದಳು ಶಿವಬಸವ್ವ.

"ಮುಂದಿನ ಪುಟದಾಗ ಇರಬೇಕ್ರಿ. ಇದರಾಗ ಇಲ್ಲ." ಅತ್ತೆಯ ಮುಖ ನೋಡಿ ಮಾಂತುವಿನ ನಗೆ ಹಾರಿಹೋಯಿತು. "ಬಿಡ್ರಿ ಅತ್ತೀ, ಪುಸ್ತಕದ್ದು. ಕಥಿ."

ಬಿಡುವುದು ಹೇಗೆ? ಮತ್ತೆ ಬರೆದ ಕಾಗದ. ಮೇಲಾಗಿ, ಬಿಚ್ಚಬಾರದ್ದನ್ನು ಬಿಚ್ಚಿ ಓದಿಯೂ ಆಯಿತು. ಎರೆದವಳ ಕೈಯಲ್ಲೇ ಎಂದು ಬರೆದಿದೆ. ಅಂಬಾಳ ಕೂಸಿಗೆ ಎರೆಯುವವಳು ಇನ್ನಾರು, ತಾನೇ. ಅವಳು ತನ್ನ ಎರಡೂ ಅಂಗೈ ನೋಡಿಕೊಂಡಳು. ಎಷ್ಟು ಮಕ್ಕಳನ್ನು ಹಿಡಿದ ಕೈ! ಅವು ಬೇರೆ ಯಾರದೋ ಕೈಗಳ ಹಾಗೆ ಕಂಡವು. ಹೆತ್ತ ಮಗನನ್ನು ಸಿಮೆಂಟ್ ಚೀಲದ ತುಂಡು ತಿಂದಿತ್ತು. ಈಗ ಮೊಮ್ಮಗ. ಮಗಳಿಗೆ ಏನೂ ಹೇಳಬೇಡವೆಂದು ಮಾಂತುವಿನಿಂದ ಕೂಸಿನ ಮೇಲೆ ಆಣೆ ಹಾಕಿಸಿಕೊಂಡಳು. ಕಾಗದವನ್ನು ಸೊಂಟದ ಚೀಲಕ್ಕೆ ಸೇರಿಸಿದಳು. ಮೊಮ್ಮಗನನ್ನು ತೊಟ್ಟಿಲಿಗೆ ಹಾಕಲು ಇನ್ನು ಮೂರು ದಿನ ಇತ್ತು. ಅಷ್ಟರಲ್ಲಿ ಮುಂದಿನ ಪುಟ ಬೇಕು. ಆ ಕೂಸು ಬದುಕಿತೋ ಇಲ್ಲವೋ ಗೊತ್ತಾಗಬೇಕು.

ಮರುದಿನ ಬೆಳಿಗ್ಗೆ ಮಾಮೂಲಿಗಿಂತ ಮೊದಲೇ ವಿಶ್ರಾಂತವಾಡಿಗೆ ಬಂದಳು. ಮನೆಯಲ್ಲಿ ಹೂವು, ಪೇಢೆಯ ಡಬ್ಬಿಗಳು. ಬಾಡಿಗೆಗೆ ತಂದ ತೊಟ್ಟಿಲಿಗೆ ನೀತಾ ಮಂಚದ ಮೇಲೆ ಕೂತಲ್ಲಿಂದಲೇ ಬಣ್ಣದ ಕಾಗದ ಕಟ್ಟಿಸುತ್ತಿದ್ದಳು. ಅವಳ ಕೂಸನ್ನು ತೊಟ್ಟಿಲಿಗೆ ಹಾಕುವುದು ಅದೇ ಸಂಜೆ. ಹೆದರಿಕೆಯಲ್ಲಿ ಶಿವಬಸವ್ವ ಅದನ್ನು ಮರೆತೇಬಿಟ್ಟಿದ್ದಳು.

ಅವಳು ನೇರ ರಾಯರ ಕೋಣೆಗೆ ಹೋಗಿ ಬಾಗಿಲು ಮುಂದೆ ಮಾಡಿದಳು. ಕಾಗದವನ್ನು ಮೇಜಿನ ಮೇಲಿಟ್ಟು, ನಡೆದದ್ದನ್ನೆಲ್ಲ ಹೇಳಿದಳು. "ಇದರ ಮುಂದಿನ ಪುಟ ಓದ್ರಿ, ರಾಯರ. ಆ ಕೂಸು ಏನಾತು ಅನ್ನೂದು ಹೇಳ್ರಿ."

ರಾಯರು ಮೊದಲು ನಕ್ಕರು. "ಹುಚ್ಚಿ! ಅಂಜಾವರ ಮ್ಯಾಲ ಕಪ್ಪಿ ಒಗದಂಗಾತು ನಿನ್ನ ಕಥಿ. ಇದು ಸಂಶೋಧನೆ. ಒಬ್ಬಾಕಿ ಮುದುಕಿ ಹೇಳಿದ್ದು, ನಾ ಬರಕೊಂಡೀನಿ, ಅಷ್ಟ."

"ಏನಂತ ಹೇಳಿದ್ಲರಿ ಮುದುಕಿ?"

ರಾಯರು ಮೇಜಿನ ಮೇಲಿನ ಅಟ್ಟಿಯಲ್ಲಿ ಮುಂದಿನ ಹಾಳೆ ಹುಡುಕಿದರು. ಸಿಗಲಿಲ್ಲ. ಮತ್ತೊಮ್ಮೆ ಹುಡುಕಿದರು. ಆ ಕೈ ನಿಧಾನವಾಗುತ್ತ ಆಗುತ್ತ ನಿಂತೇಹೋಯಿತು. ಅವರ ಮುಖದ ಬಣ್ಣ ಇಳಿಯುವುದನ್ನು ಶಿವಬಸವ್ವ ಕಣ್ಣಾರೆ ಕಂಡಳು.

"ಆವತ್ತ ನೀ ಎರಡು ಹಾಳಿ ತಗೊಂಡಿದ್ದಿ ಅಲ್ಲಾ?" ಅಂದರು.

"ಹೌದ್ರಿ. ಒಂದು ನಮ್ಮ ಕೂಸಿಗೆ. ಇನ್ನೊಂದು..."

ಇನ್ನೊಂದು ಆಚೆಯ ಕೋಣೆಯಲ್ಲಿ, ನೀತಾಳ ಕೂಸಿನ ದಿಂಬಿನ ಕೆಳಗಿತ್ತು. ಮುಂದಿನ ಪುಟ ಅದೇ. ಅದರಲ್ಲಿ ಏನಿದೆಯೆಂದು ಬರೆದವರಿಗೆ ಗೊತ್ತಿರದೆ ಇರುತ್ತದೆಯೇ? ರಾಯರು ಕನ್ನಡಕ ತೆಗೆದರು. ಅದನ್ನು ಮೇಜಿನ ಮೇಲಿಟ್ಟು ಹೇಳಿದರು: "'ಜೀವ ಬಿಟ್ಟಿತು.' ಆ ಪುಟ ಶುರುವಾಗೂದು ಅಲ್ಲಿಂದ."

ಇಲ್ಲಿ ಒಂದು ಮಾತನ್ನು ಮುಚ್ಚಿಡದೆ ಹೇಳಬೇಕು. ಆ ಕ್ಷಣ ಶಿವಬಸವ್ವನಿಗೆ ಸಂತೋಷವಾಯಿತು. ಸಾವು ಬರೆದ ಹಾಳೆ ನಮ್ಮದಲ್ಲ, ಇವರದು; ನಮ್ಮ ಕೂಸು ಪಾರಾಯಿತು ಎಂದು ಅವಳ ಜೀವ ಹಗುರಾಯಿತು. ಒಂದೇ ಒಂದು ಉಸಿರಿನಷ್ಟು ಹೊತ್ತು. ಮರುಕ್ಷಣವೇ ನೀತಾಳ ಕೂಸು ಕಣ್ಣ ಮುಂದೆ ಬಂತು. ಆ ಹೆಣ್ಣು ಕೂಸನ್ನು ಮನೆಗೆ ಬಂದ ದಿನದಿಂದ ಇವೇ ಕಾಲ ಮೇಲೆ ಹಾಕಿಕೊಂಡವಳು ಅವಳು. ಅದು ಆಕಳಿಸಿದರೆ ಇವಳಿಗೂ ಆಕಳಿಕೆ ಬರುತ್ತಿತ್ತು. ಇಂಥ ಕೂಸಿನ ಸಾವಿನಿಂದ ನನ್ನ ಮನಸ್ಸು ತಣ್ಣಗಾಯಿತೇ, ನಾನೆಂಥ ಹೆಂಗಸು ಎಂದು ತನ್ನ ಮೇಲೆಯೇ ಅವಳಿಗೆ ಹೇಸಿಕೆ ಬಂತು.

ಆಗಲೇ ಹೊರಗಿನಿಂದ, ಅವಳನ್ನು ಚಿಕ್ಕಮ್ಮನೆಂದೇ ಕರೆಯುವ ನೀತಾ ಕೂಗಿದಳು: "ಮಾವಶೀ, ನೀರು ಕಾದಾವ ನೋಡ್ರಿ! ಇವತ್ತ ಛಂದ ಎರೀರಿ ನಮ್ಮ ಪೋರಿಗೆ, ಸಂಜೀಕ ತೊಟ್ಟಲಾ!"

ತೊಟ್ಟಿಲಿಗೆ ಹಾಕುವ ದಿನ. ನೀರು ಎರೆಯುವಾಗ. ಎರೆದವಳ ಕೈಯಲ್ಲೇ.

"ನಾ ಒಲ್ಲೆ," ಅಂದಳು ಶಿವಬಸವ್ವ ಪಿಸುದನಿಯಲ್ಲಿ. "ಇವತ್ತ ನಾ ಎರಿಯಂಗಿಲ್ಲ ರಾಯರ. ಬ್ಯಾರೆ ಯಾರನರ ಕರೀರಿ."

ರಾಯರಿಗೂ ಹಾಗೆಯೇ ಅನ್ನಿಸಿರಬೇಕು. ಆದರೆ ಏಕೆ ಬೇಡವೆಂದು ಸೊಸೆ ಕೇಳಿದರೆ ಏನು ಹೇಳುವುದು? ಹಸಿ ಬಾಣಂತಿಯ ತಲೆಯಲ್ಲಿ ಇಂಥ ಹುಳ ಬಿಡುವುದೇ? ವರ್ಷಗಟ್ಟಲೆ ಪುರಾಣವನ್ನೂ ವಾಸ್ತವವನ್ನೂ ತಕ್ಕಡಿಯಲ್ಲಿಟ್ಟು ತೂಗಿದ ಮನುಷ್ಯ, ಹದಿನೈದು ಹೆಜ್ಜೆ ದೂರದ ಬಚ್ಚಲಿಗೆ ಹೋಗು ಎನ್ನಲೂ ಆರದೆ, ಬೇಡ ಎನ್ನಲೂ ಆರದೆ ಕೂತರು. ಕೊನೆಗೆ, "ನಾನೂ ಬರ್ತೀನಿ, ನಡಿ," ಅಂದರು.

ಶಿವಬಸವ್ವ ಮಣೆಯ ಮೇಲೆ ಕೂತು ಕಾಲು ಚಾಚಿದಳು. ಕೂಸಿಗೆ ಎಣ್ಣೆ ಹಚ್ಚಿದಳು, ಕಡಲೆಹಿಟ್ಟು ಹಚ್ಚಿದಳು. ಹೆದರಿದ ಕೈ ಬಿಗಿಯಾಗಿ ಹಿಡಿಯುತ್ತದೆ, ಬಿಗಿ ಹಿಡಿದಷ್ಟೂ ಎಣ್ಣೆಯ ಮೈ ಜಾರುತ್ತದೆ. ಬೆನ್ನಿಗೆ ನೀರು ಸುರಿದದ್ದು ಸರಿಯಾಯಿತು. ಅಂಗಾತ ಹಾಕಿಕೊಂಡು, ಹಣೆಗೆ ಅಂಗೈ ಅಡ್ಡ ಹಿಡಿದು ತಲೆಗೆ ನೀರು ಬಿಡುವಾಗ, ಆ ಅಡ್ಡಗೈ ಸರಿಯಿತು. ನೀರು ಕೂಸಿನ ಮೂಗು ಬಾಯಿಗೆ ಹೊಕ್ಕಿತು.

ಕೂಸು ಅಳಲಿಲ್ಲ.

ಬಾಯಿ ತೆರೆದಿತ್ತು, ದನಿಯಿಲ್ಲ. ಕೆನ್ನೆ ಕೆಂಪಾಗಿ, ಆಮೇಲೆ ಕಪ್ಪಿಟ್ಟಿತು. ಸಣ್ಣ ಮುಷ್ಟಿಗಳು ಬಿಗಿದುಕೊಂಡವು. ಇದೇ ಬರೆದದ್ದು, ಆಗಿಯೇ ಹೋಯಿತು ಎಂದು ಶಿವಬಸವ್ವ ಮರಗಟ್ಟಿ ಕೂತಳು. ಕಟ್ಟಡದ ಪಕ್ಕದ ಶೆಡ್ಡು, ಆ ಚೀಲದ ತುಂಡು, ಅದರ ಮೇಲಿನ ಅಕ್ಷರಗಳು ಕಣ್ಣ ಮುಂದೆ ಬಂದು ನಿಂತವು. ರಾಯರು ಹೇಳಿದ ಗಡಿಯಾರ ಇದೇ, ನಿನ್ನೆಯೂ ಇಲ್ಲ, ನಾಳೆಯೂ ಇಲ್ಲ.

"ಶಿವಬಸವ್ವಾ!" ಬಚ್ಚಲ ಬಾಗಿಲಲ್ಲಿ ಟವೆಲ್ ಹಿಡಿದು ನಿಂತಿದ್ದ ರಾಯರು ಚೀರಿದರು. "ಹಿಡಿ! ನನ್ನ ಕೂಸು ಹಿಡಿ!"

ಆ ಕೂಗಿಗೆ ಅವಳ ಕೈಗಳು ಎಚ್ಚರಗೊಂಡವು. ಮನಸ್ಸು ಸತ್ತಿದ್ದರೂ ಕೈಗಳಿಗೆ ಕೆಲಸ ಗೊತ್ತಿತ್ತು. ಕೂಸನ್ನು ಮುಂಗೈ ಮೇಲೆ ಬೋರಲು ಹಾಕಿ, ತಲೆ ಕೆಳಗೆ ಮಾಡಿ, ಬೆನ್ನಿಗೆ ತಟ್ಟಿದಳು. ಮತ್ತೊಮ್ಮೆ ತಟ್ಟಿದಳು. ಮೂಗಿನಿಂದ ನೀರು ಬಂತು. ಆಮೇಲೆ ಅಳು ಬಂತು. ಎಂಥ ಅಳು! ಶಿವಬಸವ್ವನ ಕಾಲ ಮೇಲೆ ಅಂಥ ಅಳು ಅದುವರೆಗೆ ಕೇಳಿದವರಿಲ್ಲ.

"ಏನಾತ್ರಿ ಮಾವಶಿ? ನಿಮ್ಮ ಕೈಯಾಗ ಅಳತಾಳಲ್ಲ!" ಎಂದು ಮಂಚದಿಂದ ನೀತಾ ಕೂಗಿದಳು.

"ಅಳಲಿ ಬಿಡವ್ವಾ," ಅಂದರು ರಾಯರು. ಕೂಸನ್ನು ಟವೆಲಿನಲ್ಲಿ ಸುತ್ತಿಕೊಂಡು ಎದೆಗೆ ಒತ್ತಿಕೊಂಡಿದ್ದರು. ಅವರ ಕಣ್ಣಲ್ಲಿ ನೀರಿತ್ತು. "ಇನ್ನಷ್ಟು ಅಳಲಿ."

ಕೂಸು ಮಲಗಿದ ಮೇಲೆ ಇಬ್ಬರೂ ಮತ್ತೆ ಕೋಣೆಯಲ್ಲಿ ಕೂತರು. ದಿಂಬಿನ ಕೆಳಗಿನ ಹಾಳೆ ಈಗ ಮೇಜಿನ ಮೇಲಿತ್ತು, ಅದರ ಪಕ್ಕಕ್ಕೆ ಅಂಬಾಳ ಕೂಸಿನದು. ಸಂಜೆ ಇನ್ನೂ ಆಗಬೇಕಿತ್ತು. ಮೊಮ್ಮಗನ ತೊಟ್ಟಿಲ ದಿನವೂ ಮುಂದಿತ್ತು.

"ನೀವ ಬರದೀರಿ, ನೀವ ಅಳಸ್ರಿ," ಅಂದಳು.

"ಹಂಗ ಅಳಸಾಕ ಬರೂದಿಲ್ಲವಾ. ಆ ಮುದುಕಿ ಹೇಳಿದ್ದನ್ನ ಬದಲ ಮಾಡಿದ್ರ ನನ್ನ ಪುಸ್ತಕ ಸುಳ್ಳಾಗತದ."

"ಆಗವಲ್ದ್ಯಾಕ ರಾಯರ. ಆ ಮುದುಕಿ ಕೂಸು ಎಂದೋ ಹೋತು. ಈ ಎರಡು ಕೂಸು ಇನ್ನಾ ಅದಾವ."

ರಾಯರು ಎರಡೂ ಹಾಳೆಗಳನ್ನು ಹತ್ತಿರ ಎಳೆದುಕೊಂಡರು. ಆಮೇಲೆ ಪೆನ್ನು ತೆಗೆದುಕೊಂಡರು. ಒಂದು ಹಾಳೆಯ ಮೊದಲ ಸಾಲಿನ ಮೇಲೆ ಕಾಗದ ಹರಿಯುವ ಹಾಗೆ ಗೀಟು ಎಳೆದರು. ಇನ್ನೊಂದರ ಕೊನೆಯ ಸಾಲಿನ ಮುಂದೆ ಏನೋ ಬರೆದು ಮಡಿಸಿ ಅವಳ ಕೈಗೆ ಕೊಟ್ಟರು. ಏನು ಬರೆದಿರಿ ಎಂದು ಕೇಳಲು ಅವಳಿಗೆ ಧೈರ್ಯ ಸಾಲಲಿಲ್ಲ.

ಸಂಜೆ ನೀತಾಳ ಕೂಸಿನ ತೊಟ್ಟಿಲು ತೂಗಿತು, ಪೇಢೆ ಹಂಚಿದರು. ಶಿವಬಸವ್ವ ಮನೆಗೆ ಬಂದು ಕಾಗದವನ್ನು ಮಾಂತುವಿನ ಕೈಗಿತ್ತಳು. "ಓದು," ಅಂದಳು. "ಒಮ್ಮೆ ಓದಿ ಆಗ್ಯದ. ಇನ್ನೇನ ಮುಚ್ಚೂದು."

ಮಾಂತು ಕೊನೆಯ ಸಾಲಿಗೆ ಬೆರಳಿಟ್ಟು ಓದಿದ: "'ಎರೆದವಳ ಕೈಯಲ್ಲೇ ಆ ಕೂಸು ಜೋರಾಗಿ ಅತ್ತಿತು. ಇನ್ನೊಂದು ಕೂಸೂ ಅತ್ತಿತು. ಎರಡೂ ಬದುಕಿದವು.' ಕಥಿಯೊಳಗ ಒಂದ ಕೂಸು ಇತ್ತಲ್ರಿ ಅತ್ತೀ, ಎರಡ ಹೆಂಗಾದುವು?"

ಅವಳು ಕಾಗದವನ್ನು ಮಡಿಸಿ ಮತ್ತೆ ದಿಂಬಿನ ಕೆಳಗೆ ಸೇರಿಸಿದಳು. ರಾಯರ ಪುಸ್ತಕ ಮುಂದೆ ಅಚ್ಚಾಯಿತಂತೆ. ಆ ಒಂದು ಅಧ್ಯಾಯ ಮಾತ್ರ ಅದರಲ್ಲಿ ಇಲ್ಲವಂತೆ.

ಮೊಮ್ಮಗನನ್ನು ತೊಟ್ಟಿಲಿಗೆ ಹಾಕುವ ದಿನ ಬಂತು. ಬೆಳಿಗ್ಗೆ ಶಿವಬಸವ್ವ ಅವನನ್ನು ಕಾಲ ಮೇಲೆ ಹಾಕಿಕೊಂಡು ಎಣ್ಣೆ ಹಚ್ಚಿ, ಹನಿಹನಿಯಾಗಿ ನೀರು ಎರೆದಳು. ಅಜ್ಜಿಯ ಕೈಯ ರೂಢಿ ಇದ್ದ ಕೂಸು, ಹಾಯಾಗಿ ಕಣ್ಣು ಮುಚ್ಚಿ ಮಲಗಿಬಿಟ್ಟಿತು. ಅಳಲಿಲ್ಲ. ಅವಳು ಕಾದಳು. ಮತ್ತೊಂದು ಚೊಂಬು ನೀರು ಸುರಿದು ಕಾದಳು. ಬದುಕಿದ ಕೂಸು ಅತ್ತಿತು ಎಂದು ಬರೆದಿದೆ, ಇದು ಅಳುತ್ತಿಲ್ಲ. ಎಂದೂ ಯಾರ ಮಗುವಿಗೂ ಮಾಡದ್ದನ್ನು ಮಾಡಿದಳು. ಅದರ ಎಳೆಯ ಅಂಗಾಲನ್ನು ಉಗುರಿನಿಂದ ಚಿವುಟಿದಳು.

ಕೂಸು ಬೆಚ್ಚಿಬಿದ್ದು ಓಣಿಗೆಲ್ಲ ಕೇಳುವಂತೆ ಅತ್ತಿತು. ಅಂಬಾ ಗೋಡೆ ಹಿಡಿದುಕೊಂಡು ಎದ್ದು ಬಂದಳು. "ಏನಾತಬೇ ಯವ್ವಾ?"

"ಏನಿಲ್ಲ," ಅಂದಳು ಶಿವಬಸವ್ವ, ಅಳುವ ಕೂಸನ್ನು ಎದೆಗೆ ಅವುಚಿಕೊಂಡು. "ಬರದದ್ದ ಖರೆ ಆತು."